ಬಿಲ್ಲಿಂಗ್ ಸಾಫ್ಟ್‌ವೇರ್‌ಗೆ ರಿಪೇರಿ ಆಡ್‌ಆನ್: ಹಾಕುವ ಮೊದಲು ಸ್ಪಾರ್ಕ್ ಪ್ಲಗ್ ಲೆಕ್ಕ ನೋಡಿ

ಕುಮಟೆಯ ಅಣ್ಣಾ, ವೀಡ್ ಕಟರ್, ಔಷಧಿ ಪಂಪ್ ರಿಪೇರಿ ಅಂಗಡಿಯ ಬಿಲ್ಲಿಂಗ್ ಸಾಫ್ಟ್‌ವೇರ್‌ಗೆ ಜಾಬ್ ಕಾರ್ಡಿನ (ರಿಪೇರಿಗೆ ಬಂದ ಒಂದೊಂದು ಯಂತ್ರದ ವಿವರ ಬರೆಯುವ ಕಾರ್ಡ್) ಆಡ್‌ಆನ್, ಅಂದರೆ ಮೇಲಿಂದ ಜೋಡಿಸುವ ಸಣ್ಣ ಪ್ರೋಗ್ರಾಂ, ಸೇರಿಸಿದರೆ ಇದ್ದ ಲೆಕ್ಕ ಕೆಡುತ್ತದಾ ಅಂತ ಕೇಳಿದ್ದೀರಿ. ಧಾರಾಳ ಸೇರಿಸಿ. ಆದರೆ ಅಡಿಕೆಗೆ ಕೊಳೆರೋಗದ ಔಷಧಿ ಹೊಡೆಯಲು ಪಂಪ್ ಹಿಡಿದು ಜನ ಸಾಲುಗಟ್ಟುವ ಮೇ-ಜೂನಿನಲ್ಲಿ ಮಾತ್ರ ಬೇಡ ಮಾರಾಯ್ರೇ. ನಮ್ಮ ಕಡೆ ಕರೆಂಟು ಕೈಕೊಡುವುದೂ ಆಗಲೇ. ಯುಪಿಎಸ್ ಇಲ್ಲದೆ ಯಾವ ತಿಂಗಳಲ್ಲೂ ಇನ್‌ಸ್ಟಾಲ್‌ಗೆ ಕೂರಬೇಡಿ.

ಮೊದಲು ಬ್ಯಾಕಪ್. ಪ್ರೋಗ್ರಾಂ ಫೋಲ್ಡರ್ ಕಾಪಿ ಮಾಡಿಕೊಂಡರೆ ಸಾಲದು. ಎಷ್ಟೋ ಸಾಫ್ಟ್‌ವೇರ್‌ಗಳಲ್ಲಿ ಬಿಲ್ಲು, ಸ್ಟಾಕು, ಗಿರಾಕಿ ಬಾಕಿ ಎಲ್ಲ ಮೈಎಸ್‌ಕ್ಯೂಎಲ್‌ನಂಥ ಡೇಟಾಬೇಸಿನಲ್ಲಿ ಬೇರೆಯೇ ಕೂತಿರುತ್ತದೆ. ಬ್ಯಾಕಪ್ ಆಯ್ಕೆಯಿಂದಲೇ ತೆಗೆದು ಪೆನ್‌ಡ್ರೈವಿಗೆ ಹಾಕಿ, ಮನೆಯ ಲ್ಯಾಪ್‌ಟಾಪಿನಲ್ಲಿ ಸಾಫ್ಟ್‌ವೇರ್‌ನ ಅದೇ ಆವೃತ್ತಿಯ ಮೇಲೆ ರಿಸ್ಟೋರ್ ಮಾಡಿ, ಅಂದರೆ ವಾಪಸ್ ತುಂಬಿಸಿ. ನಿನ್ನೆಯ ಬಿಲ್ ಅಲ್ಲಿ ತೆರೆಯಿತೋ, ಬ್ಯಾಕಪ್ ಸರಿ ಇದೆ. ಆಡ್‌ಆನ್ ಮೊದಲು ಅದರಲ್ಲೇ ಹಾಕಿ. ಆ ಲ್ಯಾಪ್‌ಟಾಪ್ ಅಂಗಡಿಯ ಸರ್ವರ್‌ಗೇ ಜೋಡಿಸಿಕೊಂಡಿಲ್ಲ ಅಂತ ಒಮ್ಮೆ ನೋಡಿಕೊಳ್ಳಿ, ಇಲ್ಲದಿದ್ದರೆ ಪ್ರಯೋಗವೆಲ್ಲ ಅಸಲಿ ಲೆಕ್ಕದ ಮೇಲೇ ನಡೆಯುತ್ತದೆ. ಆಂಟಿವೈರಸ್ ಬಂದ್ ಮಾಡಿ ಅನ್ನುವ ಫೈಲ್ ಆದರೆ ಅಲ್ಲಿಗೇ ಬಿಡಿ.

ಈಗ ಮುಖ್ಯ ಪರೀಕ್ಷೆ. ಸ್ಪಾರ್ಕ್ ಪ್ಲಗ್ ಸ್ಟಾಕ್ 10 ಅಂತ ಇಟ್ಟು, ಒಂದನ್ನು ಜಾಬ್ ಕಾರ್ಡಿಗೆ ಹಾಕಿ, ಆಮೇಲೆ ಬಿಲ್ ಮಾಡಿ. ಉಳಿಯಬೇಕಾದದ್ದು 9. ಕೆಲವು ಆಡ್‌ಆನ್‌ಗಳು ಕಾರ್ಡಿನಲ್ಲೊಮ್ಮೆ, ಬಿಲ್ಲಿನಲ್ಲೊಮ್ಮೆ ಕಳೆದು 8 ತೋರಿಸುತ್ತವೆ. ಇನ್ನೊಂದು ಕಾರ್ಡಿಗೆ ಪ್ಲಗ್ ಹಾಕಿ ಕಾರ್ಡನ್ನೇ ರದ್ದು ಮಾಡಿ. ಪ್ಲಗ್ ಸ್ಟಾಕಿಗೆ ವಾಪಸ್ ಬರಬೇಕು. ‘ರಿಪೇರಿ ದುಬಾರಿ, ಬೇಡ’ ಅಂತ ಯಂತ್ರ ಹೊತ್ತುಕೊಂಡು ಹೋಗುವವರು ನಿಮ್ಮಲ್ಲೂ ಕಡಿಮೆ ಇರಲಿಕ್ಕಿಲ್ಲ. ಇದರಲ್ಲಿ ಫೇಲಾದ ಆಡ್‌ಆನ್ ಎಷ್ಟೇ ಚಂದ ಇದ್ದರೂ ನಾನಂತೂ ಹಾಕುವುದಿಲ್ಲ.

ಜಾಬ್ ಕಾರ್ಡಿನ ನಂಬರೇ ಬೇರೆ, ಬಿಲ್ ನಂಬರೇ ಬೇರೆ ಇರಲಿ. ಜಿಎಸ್‌ಟಿ ಬಿಲ್ ನಂಬರ್ 16 ಅಕ್ಷರ ಮೀರುವಂತಿಲ್ಲ, ಕ್ರಮವಾಗಿಯೂ ಇರಬೇಕು. ಎರಡಕ್ಕೂ ಒಂದೇ ಸರಣಿ ಕೊಟ್ಟರೆ ರದ್ದಾದ ಕಾರ್ಡುಗಳಿಂದ ಮಧ್ಯೆ ನಂಬರ್ ಹಾರುತ್ತದೆ. ಅಡ್ವಾನ್ಸ್ ತಗೊಂಡರೆ ರಸೀದಿಯಾಗಿಯೇ ಬರೆಯಿರಿ. ನೋಂದಣಿ ಇರುವವರಿಗೆ ಸಾಮಾನಿನ ಅಡ್ವಾನ್ಸ್ ಮೇಲೆ ತೆರಿಗೆ ಕಟ್ಟುವುದು 2017ರ ನವೆಂಬರಿನಲ್ಲೇ ತಪ್ಪಿತು, ಸೇವೆಯ ಅಡ್ವಾನ್ಸಿಗೆ ಈಗಲೂ ಉಂಟು. ನಿಮ್ಮ ರಿಪೇರಿ ಎರಡರಲ್ಲಿ ಯಾವುದು ಅಂತ ಲೆಕ್ಕ ನೋಡುವವರನ್ನೇ ಕೇಳಿ.

ಕೆಲಸದ ಹುಡುಗರಿಗೆ ಕಾರ್ಡ್ ತೆರೆಯುವ, ಷರಾ ಬರೆಯುವ ಅನುಮತಿ ಸಾಕು. ಅಳಿಸುವುದು, ರೇಟ್ ಬದಲಿಸುವುದು ನಿಮ್ಮ ಪಾಸ್‌ವರ್ಡಿನಲ್ಲೇ ಇರಲಿ. ಅಡ್ಮಿನ್ ಲಾಗಿನ್‌ನಲ್ಲಿ ಕೂತು ದಿನವಿಡೀ ಬಿಲ್ ಹೊಡೆಯುವುದೂ ಬೇಡ.

ಮೂಲ ಸಾಫ್ಟ್‌ವೇರ್ ಅಪ್‌ಡೇಟ್ ಕೇಳಿದಾಗ ಆ ಆವೃತ್ತಿಗೆ ಆಡ್‌ಆನ್ ಬಂದಿದೆಯಾ ನೋಡದೆ ಒತ್ತಬೇಡಿ.

ಸಾಫ್ಟ್‌ವೇರ್ ಯಾವುದು, ಆವೃತ್ತಿ ಎಷ್ಟು ಅಂತ ಇಲ್ಲೇ ಹಾಕಿ. ಸ್ಕ್ರೀನ್ ಫೋಟೋ ಹಾಕುವುದಾದರೆ ಗಿರಾಕಿಗಳ ಫೋನ್ ನಂಬರ್ ಅಳಿಸಿ ಹಾಕಿ.