ರಕ್ತದಿಂದ ಹುಟ್ಟಿದ ಪದಕ್ಕೆ ಭರವಸೆಯ ಅರ್ಥ ಬಂದದ್ದು ಹೇಗೆ?

ಓದುಗರ ಪತ್ರ: ಇಂಗ್ಲಿಷ್ ಪತ್ರಿಕೆಯ ವಾಣಿಜ್ಯ ಪುಟದಲ್ಲಿ 'ಎಕಾನಮಿಸ್ಟ್ಸ್ ಆರ್ ನಾಟ್ ಸ್ಯಾಂಗ್ವಿನ್ ಅಬೌಟ್ ಗ್ರೋತ್' ಎಂಬ ಸಾಲು ಓದಿದೆ. ನಿಘಂಟು ತೆಗೆದರೆ 'ಸ್ಯಾಂಗ್ವಿನ್' ಎಂಬ ಪದಕ್ಕೆ ಒಂದು ಕಡೆ 'ರಕ್ತದ ಬಣ್ಣದ' ಅಂತಿದೆ, ಇನ್ನೊಂದು ಕಡೆ 'ಆಶಾವಾದಿ' ಅಂತಿದೆ. ಗೆಳೆಯರೊಬ್ಬರು 'ಶಾಂತವಾಗಿರುವ' ಅಂತಲೇ ಅದರ ಅರ್ಥ ಅನ್ನುತ್ತಾರೆ. ಯಾವುದು ಸರಿ? ರಕ್ತಕ್ಕೂ ಆಸೆಗೂ ಏನು ಸಂಬಂಧ? ಕೆಲಸದ ಅರ್ಜಿಯಲ್ಲಿ 'ಐ ಆಮ್ ಎ ಸ್ಯಾಂಗ್ವಿನ್ ಪರ್ಸನ್' ಅಂತ ಬರೆದಿಟ್ಟಿದ್ದೇನೆ. ಕಳಿಸಬಹುದಾ?

ಸಂಪಾದಕರ ಉತ್ತರ: ಕೊನೆಯ ಪ್ರಶ್ನೆಯೇ ಅವಸರದ್ದು, ಹಾಗಾಗಿ ಅದಕ್ಕೆ ಮೊದಲು ಉತ್ತರಿಸುತ್ತೇನೆ. ಕಳಿಸಬೇಡಿ. ವ್ಯಾಕರಣದಲ್ಲಿ ತಪ್ಪಿಲ್ಲ. ಆದರೆ ಅರ್ಜಿ ಓದುವವರಿಗೆ ನೀವು ನಾನೂರು ವರ್ಷ ಹಿಂದಿನ ವೈದ್ಯರಿಗೆ ನಾಡಿ ತೋರಿಸಿ ಬಂದವರ ಹಾಗೆ ಕಾಣುತ್ತೀರಿ. 'ಆಪ್ಟಿಮಿಸ್ಟಿಕ್' ಅಂತ ಬರೆದರೆ ಸಾಕು. ಅದನ್ನೂ ಬಿಟ್ಟು, ಕಷ್ಟದ ಕೆಲಸವೊಂದನ್ನು ಹೇಗೆ ಮುಗಿಸಿದಿರಿ ಅಂತ ಎರಡು ಸಾಲು ಬರೆದರೆ ಇನ್ನೂ ಒಳ್ಳೆಯದು. ನಿಮ್ಮ ಸ್ವಭಾವ ಎಂಥದ್ದು ಅಂತ ಅವರೇ ತಿಳಿದುಕೊಳ್ಳುತ್ತಾರೆ.

ಇನ್ನು ಉಚ್ಚಾರ. ಕೆಲವರು 'ಸ್ಯಾಂಗ್ವೈನ್' ಅನ್ನುತ್ತಾರೆ. ಬರವಣಿಗೆ ನೋಡಿದರೆ ಹಾಗೆ ಅನ್ನಿಸುವುದು ಸಹಜ. ಆದರೆ ಅದು 'ಪೆಂಗ್ವಿನ್' ಜೊತೆ ಪ್ರಾಸ ಕೂಡುವ ಪದ. ಒತ್ತು ಮೊದಲಿನ 'ಸ್ಯಾಂಗ್' ಮೇಲೆ.

ಈಗ ರಕ್ತದ ವಿಷಯ. ಲ್ಯಾಟಿನ್ ಭಾಷೆಯಲ್ಲಿ 'ಸಾಂಗ್ವಿಸ್' ಅಂದರೆ ನೆತ್ತರು. ಅದರಿಂದ ಹುಟ್ಟಿದ ಗುಣವಾಚಕ ಫ್ರೆಂಚ್ ಮೂಲಕ ಇಂಗ್ಲಿಷಿಗೆ ಬಂತು. 14ನೇ ಶತಮಾನದಲ್ಲಿ ಅದು ಆಗಲೇ ಬಳಕೆಯಲ್ಲಿತ್ತು. ಬರುವಾಗ ಆ ಪದ ಒಂದು ಇಡೀ ವೈದ್ಯಶಾಸ್ತ್ರವನ್ನು ಬೆನ್ನ ಮೇಲೆ ಹೊತ್ತುಕೊಂಡು ಬಂತು.

ಆ ಶಾಸ್ತ್ರದ ಪ್ರಕಾರ ಮನುಷ್ಯನ ದೇಹದಲ್ಲಿ ನಾಲ್ಕು ದ್ರವಗಳಿವೆ: ರಕ್ತ, ಕಫ, ಹಳದಿ ಪಿತ್ತ, ಕಪ್ಪು ಪಿತ್ತ. ನಾಲ್ಕೂ ಹದವಾಗಿದ್ದರೆ ಆರೋಗ್ಯ. ಒಂದು ಜಾಸ್ತಿಯಾದರೆ ಕಾಯಿಲೆ. ಈ ವಿಚಾರ ಹಿಪಾಕ್ರಟೀಸ್ ಹೆಸರಿನಲ್ಲಿ ಉಳಿದಿರುವ ಗ್ರೀಕ್ ಬರಹಗಳಲ್ಲಿದೆ. ಕ್ರಿ.ಶ. 2ನೇ ಶತಮಾನದಲ್ಲಿ ಗ್ಯಾಲೆನ್ ಎಂಬ ವೈದ್ಯ ಅದನ್ನು ಎತ್ತಿ ಹಿಡಿದ. ಗ್ಯಾಲೆನ್ ಸಾಮಾನ್ಯದವನಲ್ಲ. ಅಖಾಡದಲ್ಲಿ ಜನರ ಮುಂದೆ ಆಯುಧ ಹಿಡಿದು ಕಾದಾಡುತ್ತಿದ್ದ ಗ್ಲಾಡಿಯೇಟರ್‌ಗಳ ಗಾಯ ಹೊಲಿಯುತ್ತಾ ಕೈ ಪಳಗಿಸಿಕೊಂಡವನು. ಆಮೇಲೆ ರೋಮಿಗೆ ಹೋಗಿ ಚಕ್ರವರ್ತಿ ಮಾರ್ಕಸ್ ಆರೇಲಿಯಸ್‌ನ ವೈದ್ಯನಾದ. ಅವನ ಮಾತನ್ನು ಯುರೋಪು ಸಾವಿರ ವರ್ಷಕ್ಕೂ ಮೀರಿ ನಂಬಿತು.

ನಂಬಿಕೆ ಕಾಯಿಲೆಗೆ ಮಾತ್ರ ನಿಲ್ಲಲಿಲ್ಲ, ಸ್ವಭಾವಕ್ಕೂ ಹಬ್ಬಿತು. ಕಪ್ಪು ಪಿತ್ತ ಜಾಸ್ತಿ ಇದ್ದವರು ಸದಾ ಮಂಕಾಗಿರುತ್ತಾರೆ. 'ಮೆಲಂಕಲಿ' ಎಂಬ ಪದದ ಅರ್ಥವೇ ಕಪ್ಪು ಪಿತ್ತ. ಹಳದಿ ಪಿತ್ತ ಜಾಸ್ತಿ ಇದ್ದವರು ಮುಂಗೋಪಿಗಳು, ಅವರು 'ಕಾಲರಿಕ್'. ಸಿಟ್ಟು ಬಂದರೆ 'ಪಿತ್ತ ನೆತ್ತಿಗೇರಿತು' ಅನ್ನುವ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ, ಅಲ್ವಾ? ಕಫ ಜಾಸ್ತಿ ಇದ್ದವರು ನಿಧಾನಸ್ಥರು, ಯಾವುದಕ್ಕೂ ಬೇಗ ಕದಲದವರು. ಅವರು 'ಫ್ಲೆಗ್ಮ್ಯಾಟಿಕ್'.

ಉಳಿದದ್ದು ರಕ್ತ. ರಕ್ತದ ಗುಣ ಬಿಸಿ ಮತ್ತು ತೇವ ಅಂತ ಲೆಕ್ಕ. ಅದರ ಋತು ವಸಂತ. ಹಾಗಾಗಿ ರಕ್ತ ತುಂಬಿ ಹರಿಯುವ ಮನುಷ್ಯನಿಗೆ ಕೆಂಪು ಕೆನ್ನೆ, ನಗುಮುಖ, ಧೈರ್ಯ, ಊಟ-ಪ್ರೀತಿಗಳಲ್ಲಿ ಆಸಕ್ತಿ ಎಲ್ಲವೂ ಇರುತ್ತವೆ ಅಂದುಕೊಂಡರು. ಅವನೇ ಸ್ಯಾಂಗ್ವಿನ್ ಮನುಷ್ಯ. 14ನೇ ಶತಮಾನದ ಕೊನೆಯಲ್ಲಿ ಚಾಸರ್ ಬರೆದ 'ಕ್ಯಾಂಟರ್ಬರಿ ಟೇಲ್ಸ್'ನಲ್ಲಿ ಇಂಥವನೊಬ್ಬ ಸಿಗುತ್ತಾನೆ. ಬಿಳಿ ಗಡ್ಡದ ಜಮೀನುದಾರ. ಬೆಳಗಾಗೆದ್ದರೆ ವೈನಿನಲ್ಲಿ ಅದ್ದಿದ ರೊಟ್ಟಿ ಬೇಕು. ಅವನ ಮನೆಯಲ್ಲಿ ತಿನ್ನುವುದು ಕುಡಿಯುವುದು ಹಿಮ ಸುರಿದ ಹಾಗೆ ಸುರಿಯುತ್ತಿತ್ತು ಅಂತ ಕವಿ ಹೇಳುತ್ತಾನೆ. ಅವನ 'ಕಂಪ್ಲೆಕ್ಷನ್' ಸ್ಯಾಂಗ್ವಿನ್ ಆಗಿತ್ತಂತೆ. ಆ ಕಾಲಕ್ಕೆ ಕಂಪ್ಲೆಕ್ಷನ್ ಅಂದರೆ ಬರೀ ಮೈಬಣ್ಣವಲ್ಲ, ನಾಲ್ಕು ದ್ರವಗಳು ಬೆರೆತಿರುವ ರೀತಿ. ಅಂದರೆ ಒಂದೇ ಮಾತಿನಲ್ಲಿ ಮುಖದ ಕೆಂಪೂ ಬಂತು, ಮನಸ್ಸಿನ ಉಲ್ಲಾಸವೂ ಬಂತು.

ನಿಮ್ಮ ನಿಘಂಟಿನ ಎರಡು ಅರ್ಥಗಳು ಕೂಡುವುದು ಇಲ್ಲೇ. ಅವು ಎಲ್ಲಿಂದಲೋ ಬಂದು ಒಂದಾದ ಎರಡು ಪದಗಳಲ್ಲ. ಒಂದೇ ಮನುಷ್ಯನನ್ನು ಹೊರಗಿನಿಂದ ನೋಡಿದರೆ ಕೆಂಪು, ಒಳಗಿನಿಂದ ನೋಡಿದರೆ ಭರವಸೆ.

ಇಲ್ಲೊಂದು ವಿಪರ್ಯಾಸ ಇದೆ. ರಕ್ತವೇ ಗೆಲುವಿನ ಮೂಲ ಅಂದ ಅದೇ ವೈದ್ಯರು ಏನೇ ಕಾಯಿಲೆ ಬಂದರೂ ಮೊದಲು ತೆಗೆಯುತ್ತಿದ್ದುದು ರಕ್ತವನ್ನೇ. ವಿಲಿಯಂ ಹಾರ್ವೆ 1628ರಲ್ಲಿ ರಕ್ತ ದೇಹದಲ್ಲಿ ಸುತ್ತುತ್ತದೆ ಅಂತ ತೋರಿಸಿದ ಮೇಲೂ ಈ ಚಿಕಿತ್ಸೆ ನಿಲ್ಲಲಿಲ್ಲ. ಅಮೆರಿಕದ ಮೊದಲ ಅಧ್ಯಕ್ಷ ಜಾರ್ಜ್ ವಾಷಿಂಗ್ಟನ್‌ಗೆ 1799ರ ಡಿಸೆಂಬರಿನಲ್ಲಿ ಗಂಟಲು ಬೇನೆ ಬಂದಾಗ ಒಂದೇ ದಿನದಲ್ಲಿ ಹಲವು ಸಲ ರಕ್ತ ತೆಗೆದರು. ಆ ರಾತ್ರಿಯೇ ಅವರು ತೀರಿಕೊಂಡರು. ಕಾಯಿಲೆಯ ಬೇರು ಜೀವಕೋಶಗಳಲ್ಲಿ ಇದೆ ಅಂತ ಜರ್ಮನ್ ವೈದ್ಯ ರುಡಾಲ್ಫ್ ವಿರ್ಕೋ 1858ರಲ್ಲಿ ಬರೆದ ಹೊತ್ತಿಗೆ ನಾಲ್ಕು ದ್ರವಗಳ ಕಥೆ ಮುಗಿಯುತ್ತಾ ಬಂದಿತ್ತು. ಶಾಸ್ತ್ರ ಹೋಯಿತು, ಪದಗಳು ಉಳಿದವು. 'ಹ್ಯೂಮರ್' ಎಂಬ ಪದವೇ ಆ ಕಾಲದ್ದು. ಮೊದಲು ದ್ರವ, ಆಮೇಲೆ ಮನಸ್ಸಿನ ಸ್ಥಿತಿ, ಕೊನೆಗೆ ಹಾಸ್ಯ.

ಇಷ್ಟು ಚರಿತ್ರೆ. ಆದರೆ ಚರಿತ್ರೆ ಗೊತ್ತಿದ್ದರೆ ಪದ ಬಳಸಲು ಬಂದ ಹಾಗಲ್ಲ. ಇವತ್ತಿನ ಇಂಗ್ಲಿಷಿನಲ್ಲಿ 'ಸ್ಯಾಂಗ್ವಿನ್' ಅನ್ನು ಆಪ್ಟಿಮಿಸ್ಟಿಕ್ ಎಂಬ ಪದದ ಬದಲು ಸುಮ್ನೆ ತಂದು ಕೂರಿಸಲು ಆಗುವುದಿಲ್ಲ. ನಿಮ್ಮ ಅರ್ಜಿಯ ಸಾಲು ಎಡವಿದ್ದು ಇಲ್ಲೇ.

ಹಳೆಯ ಇಂಗ್ಲಿಷಿನವರಿಗೆ ಆ ಆಯ್ಕೆ ಇರಲೇ ಇಲ್ಲ. 'ಆಪ್ಟಿಮಿಸಂ' 18ನೇ ಶತಮಾನದ ಕೂಸು. ಇರುವ ಜಗತ್ತೇ ಸಾಧ್ಯವಿರುವ ಜಗತ್ತುಗಳಲ್ಲೆಲ್ಲ ಉತ್ತಮವಾದದ್ದು ಅಂತ ವಾದಿಸಿದ ಲೈಬ್ನಿಟ್ಸ್ ಎಂಬ ತತ್ವಜ್ಞಾನಿಯ ವಿಚಾರಕ್ಕೆ ಫ್ರೆಂಚರು ಇಟ್ಟ ಹೆಸರು ಅದು. 1759ರಲ್ಲಿ ಫ್ರೆಂಚ್ ಲೇಖಕ ವೋಲ್ಟೇರ್ 'ಕ್ಯಾಂಡಿಡ್' ಎಂಬ ಕಥೆ ಬರೆದು ಅದನ್ನು ಚೆನ್ನಾಗಿ ಗೇಲಿ ಮಾಡಿದ. ಆ ಗೇಲಿಯಿಂದಲೇ ಪದ ಜನಪ್ರಿಯವಾಯಿತು. ಅದಕ್ಕೂ ಮುಂಚೆ ಭರವಸೆಯ ಮನುಷ್ಯನನ್ನು ವರ್ಣಿಸಲು ಸ್ಯಾಂಗ್ವಿನ್ ದುಡಿಯುತ್ತಿತ್ತು. ಹೊಸ ಪದ ಬಂದು ದೊಡ್ಡ ಜಾಗವನ್ನೆಲ್ಲ ಹಿಡಿದುಕೊಂಡಿತು. ಸ್ಯಾಂಗ್ವಿನ್‌ಗೆ ಒಂದು ಮೂಲೆ ಉಳಿಯಿತು. ಆ ಮೂಲೆ ಯಾವುದು ಅಂತ ನೋಡಬೇಕು.

ನೀವು ಓದಿದ ಸಾಲನ್ನೇ ಮತ್ತೆ ನೋಡಿ. ಅದರಲ್ಲಿ 'ನಾಟ್' ಇದೆ. ಇದು ಅಪರೂಪವೇನಲ್ಲ. 'ನಾಟ್ ಸ್ಯಾಂಗ್ವಿನ್', 'ಲೆಸ್ ಸ್ಯಾಂಗ್ವಿನ್', 'ಫಾರ್ ಫ್ರಮ್ ಸ್ಯಾಂಗ್ವಿನ್', 'ಟೂ ಸ್ಯಾಂಗ್ವಿನ್' ಇಂಥ ಜೋಡಿಗಳಲ್ಲೇ ಇದು ಮತ್ತೆ ಮತ್ತೆ ಕಾಣಿಸುತ್ತದೆ. 'ನಾಟ್' ಇಲ್ಲದೆ ಬಂದರೂ ಪಕ್ಕದಲ್ಲಿ ಒಂದು ಹೋಲಿಕೆ ಇರುತ್ತದೆ. ಕೆಲವರು ಗಾಬರಿಯಾಗಿದ್ದಾರೆ, 'ಅದರ್ಸ್ ಆರ್ ಮೋರ್ ಸ್ಯಾಂಗ್ವಿನ್'. ಅಂದರೆ ಈ ಪದ ಬರಬೇಕಾದರೆ ಮೊದಲು ಗಾಳಿಯಲ್ಲಿ ಒಂದು ಅನುಮಾನ ಇರಬೇಕು. ಬೆಳವಣಿಗೆ ಕುಸಿಯಬಹುದು, ಮಾತುಕತೆ ಮುರಿಯಬಹುದು, ಪ್ರಯೋಗ ವಿಫಲವಾಗಬಹುದು ಎಂಬ ಅಳುಕು. ಆ ಅಳುಕಿನ ನಡುವೆಯೂ 'ಏನಾಗಲ್ಲ ಬಿಡಿ' ಅನ್ನುವವರು ಸ್ಯಾಂಗ್ವಿನ್. ಅಳುಕೇ ಇಲ್ಲದ ಕಡೆ ಇದನ್ನು ಹಾಕಿದರೆ ವಾಕ್ಯ ವಿಚಿತ್ರವಾಗಿ ಕೇಳಿಸುತ್ತದೆ. ನಾಳೆಯ ಹುಟ್ಟುಹಬ್ಬದ ಬಗ್ಗೆ ಯಾರೂ ಸ್ಯಾಂಗ್ವಿನ್ ಆಗಿರುವುದಿಲ್ಲ, ಖುಷಿಯಾಗಿರುತ್ತಾರೆ.

ಇನ್ನೊಂದು ಸೂಕ್ಷ್ಮವೂ ಇದೆ. ಬರೆಯುವವರು ಬೇರೆಯವರನ್ನು ಸ್ಯಾಂಗ್ವಿನ್ ಅಂದಾಗ, ಅವರ ಭರವಸೆ ಸ್ವಲ್ಪ ಅತಿಯಾಯಿತು ಎಂಬ ಧ್ವನಿ ಎಷ್ಟೋ ಸಲ ಇರುತ್ತದೆ. 'ದಿ ಮಿನಿಸ್ಟರ್ ಈಸ್ ಸ್ಯಾಂಗ್ವಿನ್' ಅಂತ ಸಂಪಾದಕೀಯ ಬಂದರೆ, ಮಂತ್ರಿಗಳು ಆರಾಮಾಗಿದ್ದಾರೆ, ಬರೆದವರು ಆರಾಮಾಗಿಲ್ಲ ಅಂತ ಓದಿಕೊಳ್ಳಬಹುದು. ಅದೇ ಪದವನ್ನು ತನಗೆ ತಾನೇ ಹೇಳಿಕೊಳ್ಳುವವರು ಹೆಚ್ಚಾಗಿ 'ನಾಟ್' ಸೇರಿಸಿಯೇ ಹೇಳುತ್ತಾರೆ. 'ಐ ಆಮ್ ನಾಟ್ ಸ್ಯಾಂಗ್ವಿನ್' ಅಂದರೆ, ನನಗೇನೂ ಅಷ್ಟು ನಂಬಿಕೆ ಇಲ್ಲ ಅಂತ ಮರ್ಯಾದೆಯಾಗಿ ಹೇಳುವ ದಾರಿ. ವಾಣಿಜ್ಯ ಪುಟದವರಿಗೆ ಈ ಪದ ಇಷ್ಟವಾಗುವುದು ಇದಕ್ಕೇ ಇರಬೇಕು. ಮುಳುಗುತ್ತಿದೆ ಅಂತ ಹೇಳದೆಯೇ ಮುಳುಗುತ್ತಿದೆ ಅನ್ನಬಹುದು. ನನ್ನನ್ನು ಕೇಳಿದರೆ ಅವರು ಇದನ್ನು ಸ್ವಲ್ಪ ಅತಿಯಾಗಿಯೇ ಬಳಸುತ್ತಾರೆ.

ಸ್ಯಾಂಗ್ವಿನ್ ಆದ ಮೇಲೆ ಸಾಮಾನ್ಯವಾಗಿ ಬರುವ ಪದ 'ಅಬೌಟ್'. ಹಳೆಯ ಬರಹಗಳಲ್ಲಿ 'ಸ್ಯಾಂಗ್ವಿನ್ ಆಫ್ ಸಕ್ಸೆಸ್' ಎಂಬ ರೂಪ ಸಿಗುತ್ತದೆ, ಈಗ ಅದು ಹಳತಾಯಿತು. 'ಬಿಯಾಂಡ್ ಅವರ್ ಮೋಸ್ಟ್ ಸ್ಯಾಂಗ್ವಿನ್ ಎಕ್ಸ್‌ಪೆಕ್ಟೇಷನ್ಸ್' ಎಂಬುದೂ ಹಳೆಯ ಪತ್ರಗಳ ಭಾಷೆ. ನಾವು ಅಂದುಕೊಂಡದ್ದಕ್ಕಿಂತ ಎಷ್ಟೋ ಚೆನ್ನಾಗಿ ಆಯಿತು ಅಂತ ಅರ್ಥ.

ಕನ್ನಡಕ್ಕೆ ತರುವಾಗ 'ಆಶಾವಾದಿ' ಅಂತ ಕಣ್ಣು ಮುಚ್ಚಿ ಹಾಕಬೇಡಿ. ನೀವು ಓದಿದ ಸಾಲಿಗೆ 'ಬೆಳವಣಿಗೆ ಬಗ್ಗೆ ಅರ್ಥಶಾಸ್ತ್ರಜ್ಞರಿಗೆ ಅಷ್ಟೇನೂ ಭರವಸೆ ಇಲ್ಲ' ಅಂದರೆ ಮುಗಿಯಿತು.

ಈಗ ನಿಮ್ಮ ಗೆಳೆಯರ ಮಾತಿಗೆ ಬರೋಣ. 'ಶಾಂತ' ಎಂಬ ಅರ್ಥ ಸರಿಯಲ್ಲ. ಆದರೆ ಅವರಿಗೆ ಹಾಗೆ ಅನ್ನಿಸಿದ್ದಕ್ಕೆ ಕಾರಣ ಇರಬಹುದು. ತೊಂದರೆ ಎದುರಿಗಿದ್ದರೂ ಭರವಸೆಯಿಂದ ಇರುವವರು ಹೊರಗಿನಿಂದ ಶಾಂತವಾಗಿಯೇ ಕಾಣುತ್ತಾರೆ. ಜೊತೆಗೆ ಇದೇ ರಕ್ತದ ಬೇರಿನಿಂದ ಫ್ರೆಂಚ್ ಮೂಲಕ ಬಂದ ಇನ್ನೊಂದು ಪದ ಇದೆ, 'ಸಾಂಗ್‌ಫ್ರಾ'. ಅಕ್ಷರಶಃ ತಣ್ಣನೆಯ ರಕ್ತ. ಅಪಾಯದಲ್ಲೂ ಎದೆ ನಡುಗದೆ ಇರುವ ಗುಣಕ್ಕೆ ಆ ಹೆಸರು. ಶಾಂತತೆ ಬೇಕಿದ್ದರೆ ಆ ಪದವನ್ನು ಹಿಡಿಯಬೇಕು. ಆದರೆ ಅದು ನಾಮಪದ, ಗುಣವಾಚಕವಲ್ಲ. ಒಂದು ಬಿಸಿರಕ್ತದ ಪದ, ಇನ್ನೊಂದು ತಣ್ಣನೆಯ ರಕ್ತದ್ದು. ಇವೆರಡನ್ನು ಅದಲು ಬದಲು ಮಾಡಿದರೆ ಯಾರೂ ನಗುವುದಿಲ್ಲ. ಇಂಗ್ಲಿಷ್ ಮಾತೃಭಾಷೆಯವರೂ ಸ್ಯಾಂಗ್ವಿನ್ ಅನ್ನು 'ಚಿಂತೆಯಿಲ್ಲದ' ಎಂಬ ಅರ್ಥಕ್ಕೆ ಎಳೆಯುವುದುಂಟು.

ನಿಜವಾಗಿ ಹೆದರಬೇಕಾದ್ದು ಇನ್ನೊಬ್ಬ ನೆಂಟನಿಗೆ. 'ಸ್ಯಾಂಗ್ವಿನರಿ'. ಕೊನೆಗೆ ಒಂದು ಚಿಕ್ಕ ಬಾಲ ಸೇರಿತು ಅಷ್ಟೇ, ಅರ್ಥ ಪೂರ್ತಿ ಉಲ್ಟಾ. ರಕ್ತಪಾತದ, ರಕ್ತದಾಹಿ ಅಂತ ಅರ್ಥ. 'ಸ್ಯಾಂಗ್ವಿನ್ ಜನರಲ್' ಅಂದರೆ ಗೆಲ್ಲುತ್ತೇವೆ ಅಂತ ನಂಬಿರುವ ಸೇನಾಪತಿ. 'ಸ್ಯಾಂಗ್ವಿನರಿ ಜನರಲ್' ಅಂದರೆ ಹೆಣ ಉರುಳಿಸುವವನು. ಬೆರಳು ಜಾರಿ ತಪ್ಪು ಪದ ಬಿದ್ದರೆ ಸ್ಪೆಲ್‌ಚೆಕ್ ಕೂಡ ಹಿಡಿಯುವುದಿಲ್ಲ, ಎರಡೂ ಸರಿಯಾದ ಪದಗಳೇ. ಸ್ಯಾಂಗ್ವಿನ್ ಪದಕ್ಕೂ ಹಿಂದೆ 'ರಕ್ತಸಿಕ್ತ' ಎಂಬ ಅರ್ಥ ಇತ್ತು, ಕಾವ್ಯದಲ್ಲಿ ಸಿಗುತ್ತದೆ. ಈಗ ಆ ಕೆಲಸವನ್ನೆಲ್ಲ ಸ್ಯಾಂಗ್ವಿನರಿ ನೋಡಿಕೊಳ್ಳುತ್ತದೆ. ಇದೇ ಬಳಗದ 'ಕನ್‌ಸ್ಯಾಂಗ್ವಿನಿಟಿ' ಮಾತ್ರ ನಮಗೆ ಸಲೀಸು. ಅದು ನಮ್ಮ 'ರಕ್ತಸಂಬಂಧ'ವೇ. ವೈದ್ಯರ ಮತ್ತು ವಕೀಲರ ಕಾಗದಗಳಲ್ಲಿ ಕಾಣಿಸುತ್ತದೆ.

ಬಣ್ಣದ ಅರ್ಥ ಇನ್ನೂ ಸತ್ತಿಲ್ಲ, ಆದರೆ ಕೆಲವೇ ಕಡೆ ಬದುಕಿದೆ. ಚಿತ್ರಕಾರರು ಬಳಸುವ ಕೆಂಪು-ಕಂದು ಸೀಮೆಸುಣ್ಣದಂಥ ಕಡ್ಡಿಗೂ, ಅದರಲ್ಲಿ ಬರೆದ ಚಿತ್ರಕ್ಕೂ ಸ್ಯಾಂಗ್ವಿನ್ ಎಂದೇ ಹೆಸರು. ಲಿಯೊನಾರ್ಡೊ ಡಾ ವಿಂಚಿಯ ಸ್ವಂತ ಚಿತ್ರ ಅಂತ ಹೆಚ್ಚಿನವರು ನಂಬುವ, ಇಟಲಿಯ ಟ್ಯೂರಿನ್‌ನಲ್ಲಿರುವ ಗಡ್ಡದ ಮುದುಕನ ರೇಖಾಚಿತ್ರ ಇಂಥ ಕೆಂಪು ಕಡ್ಡಿಯಲ್ಲಿ ಬರೆದದ್ದು. ಆ ಕೆಂಪು ಬರುವುದು ಹೆಮಟೈಟ್ ಎಂಬ ಕಬ್ಬಿಣದ ಅದಿರಿನಿಂದ. ಹೆಮಟೈಟ್ ಎಂಬ ಹೆಸರಿನಲ್ಲಿ ಇರುವುದೂ ರಕ್ತವೇ, ಆದರೆ ಗ್ರೀಕ್ ರಕ್ತ. ಹಿಮೋಗ್ಲೋಬಿನ್‌ನಲ್ಲಿ ಇರುವುದೂ ಅದೇ ಬೇರು.

ಹಾಗಾಗಿ ಓದುವಾಗ ಪಕ್ಕದ ಪದ ನೋಡಿ. ಮುಂದೆ 'ಅಬೌಟ್' ಬಂದರೆ ಭರವಸೆ. ಚಿತ್ರದ ಪಕ್ಕ ಬಂದರೆ ಕಡ್ಡಿ. ಕಾದಂಬರಿಯಲ್ಲಿ ಮುಖದ ಜೊತೆ ಬಂದರೆ ಕೆಂಪು. ಹಳೆಯ ನಾಟಕಗಳಲ್ಲಿ ಮಾತ್ರ ಒಂದೇ ಏಟಿಗೆ ಎರಡೆರಡು ಅರ್ಥ ಇರುತ್ತವೆ. ಶೇಕ್ಸ್‌ಪಿಯರ್‌ನ 'ನಾಲ್ಕನೇ ಹೆನ್ರಿ' ನಾಟಕದ ಮೊದಲ ಭಾಗದಲ್ಲಿ ರಾಜಕುಮಾರ ದಪ್ಪ ಹೊಟ್ಟೆಯ ಫಾಲ್‌ಸ್ಟಾಫ್‌ನನ್ನು 'ಸ್ಯಾಂಗ್ವಿನ್ ಕವರ್ಡ್' ಅಂತ ಬೈಯುತ್ತಾನೆ. ಮುಖ ನೋಡಿದರೆ ರಕ್ತ ತುಂಬಿ ತುಳುಕುವ ಧೈರ್ಯವಂತ, ಕೆಲಸ ನೋಡಿದರೆ ಪುಕ್ಕಲ. ನಾಲ್ಕು ದ್ರವಗಳ ಲೆಕ್ಕ ಗೊತ್ತಿದ್ದ ಆ ಕಾಲದ ಪ್ರೇಕ್ಷಕರು ಈ ಬೈಗುಳಕ್ಕೆ ನಮಗಿಂತ ಜಾಸ್ತಿ ನಕ್ಕಿರಬೇಕು.