ತೆರಿಗೆ ಇಳಿದರೂ ಕೈಗೆ ಯಾಕೆ ಕಡಿಮೆ?

ಪ್ರಶ್ನೆ: ಕಲಬುರಗಿಯಲ್ಲಿ ನಮ್ಮದು 12 ರೂಮಿನ ಲಾಡ್ಜ್. ಬಾಡಿಗೆ 900 ರೂಪಾಯಿ. ಜಿಎಸ್‌ಟಿ ಇಳಿದರೂ ಲಾಭ ಕಾಣುತ್ತಿಲ್ಲ. ಯಾಕೆ?

ಉತ್ತರ: ತಮ್ಮಾ, ನಾನೂ 19 ವರ್ಷ ಲಾಡ್ಜ್ ಕೌಂಟರಿನಲ್ಲಿ ಕೂತವನು. ನಿನ್ನ ಸಂಕಟ ಗೊತ್ತು. 2025ರ ಸೆಪ್ಟೆಂಬರ್ 22ರಿಂದ ದಿನಕ್ಕೆ 7,500 ರೂಪಾಯಿವರೆಗಿನ ರೂಮಿಗೆ ದೇಶದೆಲ್ಲೆಡೆ ಶೇ 12ರ ಬದಲು ಶೇ 5 ತೆರಿಗೆ. ಈ ಇಳಿಕೆ ಗಿರಾಕಿಯದು. ನಿನ್ನ ಪೆಟ್ಟು ಬೇರೆ ಕಡೆ ಇದೆ. ಹಾಸಿಗೆ, ಎಸಿ, ಬಣ್ಣ ಕೊಂಡಾಗ ಕಟ್ಟಿದ ತೆರಿಗೆಯನ್ನು ಮೊದಲು ರೂಮಿನ ಬಾಡಿಗೆ ಮೇಲೆ ಸರ್ಕಾರಕ್ಕೆ ಕಟ್ಟಬೇಕಾದ ತೆರಿಗೆಯಲ್ಲಿ ಕಳೆಯಬಹುದಿತ್ತು. ಈಗ ಆಗಲ್ಲ, ಅದು ಪೂರ್ತಿ ನಿನ್ನ ಖರ್ಚು. ನಮ್ಮ ಬಿಸಿಲಿಗೆ ಎಸಿ ಇಲ್ಲದೆ ನಡೆಯುತ್ತಾ? ಆದರೂ ಸುಮ್ನೆ ಬಾಡಿಗೆ ಏರಿಸಬೇಡ. ಬಂದೇನವಾಜ್ ಉರುಸಿಗೆ, ಶರಣಬಸವೇಶ್ವರ ಜಾತ್ರೆಗೆ ಬರುವವರು ದುಡಿದು ತಿನ್ನುವ ಜನ. ಮೊದಲು ಖರೀದಿ ಬಿಲ್ಲುಗಳನ್ನು ಲೆಕ್ಕಿಗರಿಗೆ ತೋರಿಸು.