ಭೂಸ್ವಾಧೀನದ ನೋಟಿಸ್ ಬಂದಾಗ

ಪ್ರಶ್ನೆ: ನಾಲೆ ಕಾಮಗಾರಿಗೆಂದು ನಮ್ಮ ತೆಂಗಿನ ತೋಟದ 30 ಗುಂಟೆಗೆ 2013ರ ಭೂಸ್ವಾಧೀನ ಕಾಯ್ದೆಯಡಿ ಪ್ರಾಥಮಿಕ ಅಧಿಸೂಚನೆ ಹೊರಟಿದೆ. ಪಹಣಿ ಇನ್ನೂ ತೀರಿಕೊಂಡ ತಂದೆಯವರ ಹೆಸರಿನಲ್ಲಿದೆ. ದರ ಸಾಲದು ಅನ್ನಿಸಿದರೆ ಏನು ಮಾಡಬೇಕು? ಒಮ್ಮೆ ಪರಿಹಾರ ಪಡೆದರೆ ಹೆಚ್ಚಿಗೆ ಕೇಳುವ ಹಕ್ಕು ಹೋಗುತ್ತದೆಯೇ?
– ಓದುಗರು, ತಿಪಟೂರು

ಉತ್ತರ: ಕೊನೆಯ ಪ್ರಶ್ನೆಯೇ ಮುಖ್ಯ. ಹಣ ಪಡೆಯಿರಿ, ಆದರೆ ‘ಮೊತ್ತ ಸಾಲದೆಂಬ ಪ್ರತಿಭಟನೆಯೊಂದಿಗೆ ಪಡೆದಿದ್ದೇನೆ’ ಎಂದು ಬರೆದೇ ಸಹಿ ಮಾಡಿ. ಹಾಗೆ ಬರೆಯದೆ ಪಡೆದವರು ಹೆಚ್ಚಿನ ಪರಿಹಾರಕ್ಕೆ 64ನೇ ಕಲಮಿನ ಅರ್ಜಿ ಹಾಕುವಂತಿಲ್ಲ. ಐತೀರ್ಪಿನ (ಪರಿಹಾರದ ಮೊತ್ತ ನಿಗದಿಪಡಿಸುವ ಆದೇಶದ) ವೇಳೆ ನೀವೋ ನಿಮ್ಮ ವಕೀಲರೋ ಹಾಜರಿದ್ದರೆ ಆ ಅರ್ಜಿಗೆ ಇರುವುದು ಆರೇ ವಾರ. ಸಮ್ಮತಿ ಪತ್ರಕ್ಕೆ ಸಹಿ ಕೇಳಿದರೆ ಪೂರ್ತಿ ಓದದೆ, ಲೆಕ್ಕ ನೋಡದೆ ಹಾಕಲೇಬೇಡಿ.

ಅಧಿಸೂಚನೆಯಿಂದ 60 ದಿನಗಳೊಳಗೆ ಸಲ್ಲಿಸುವ ತಕರಾರು ಜಮೀನು ಏಕೆ, ಎಷ್ಟು ಬೇಕು ಎಂಬುದಕ್ಕೆ ಸಂಬಂಧಿಸಿದ್ದು. ದರದ ಬೇಡಿಕೆಯ ಹೊತ್ತು, ಪರಿಹಾರದ ಬೇಡಿಕೆ ಸಲ್ಲಿಸಿ ಎಂದು ಕರೆಯುವ 21ನೇ ಕಲಮಿನ ನೋಟಿಸ್ ಬಂದಾಗ. ಎರಡನ್ನೂ ಬೆರೆಸಿ ಒಂದೇ ಅರ್ಜಿ ಬರೆದು ಸುಮ್ಮನಾಗುವವರು ಬಹಳ.

ಈಗ ಜಮೀನು ಮಾರುವಂತಿಲ್ಲ, ಅಡವಿಡುವಂತಿಲ್ಲ. ಆದರೆ ತೀರಿಕೊಂಡವರ ಹೆಸರಿನಿಂದ ವಾರಸುದಾರರ ಹೆಸರಿಗೆ ಮಾಡಿಸುವ ಪೌತಿ ಖಾತೆ ಮಾರಾಟವಲ್ಲ, ವಾರಸುದಾರಿಕೆಯ ದಾಖಲೆ. ಮರಣ ಪ್ರಮಾಣಪತ್ರ, ವಂಶವೃಕ್ಷದೊಂದಿಗೆ ನಾಡಕಚೇರಿಯಲ್ಲಿ ಕೂಡಲೇ ಅರ್ಜಿ ಕೊಡಿ. ವಂಶವೃಕ್ಷದಲ್ಲಿ ಅಕ್ಕತಂಗಿಯರ ಹೆಸರು ಬಿಡಬೇಡಿ. ಅದು ಅವರಿಗೆ ಮಾಡುವ ಅನ್ಯಾಯ. ಮೇಲಾಗಿ ಹಕ್ಕಿನ ತಕರಾರು ಎದ್ದರೆ ಹಣ ನಿಮ್ಮ ಕೈಗೆ ಬರದೆ, ಭೂಸ್ವಾಧೀನದ ವ್ಯಾಜ್ಯ ತೀರ್ಮಾನಿಸುವ ಪ್ರಾಧಿಕಾರದಲ್ಲಿ ಠೇವಣಿಯಾಗುತ್ತದೆ.

ಪರಿಹಾರದ ಮೊತ್ತ ಹೆಚ್ಚು ಕಡಿಮೆಯಾಗುವುದು ಜಂಟಿ ಅಳತೆಯ ದಿನ. ಪ್ರತಿ ತೆಂಗಿನ ಮರ, ಅದರ ವಯಸ್ಸು, ಇಳುವರಿ, ಕೊಳವೆಬಾವಿ, ಪೈಪ್‌ಲೈನ್, ಪಂಪ್‌ಹೌಸ್ ಎಲ್ಲವೂ ಮಹಜರಿನಲ್ಲಿ ಬಂದಿರಬೇಕು. ಫೋಟೊ ತೆಗೆದಿಡಿ, ಪ್ರತಿ ಪಡೆಯಿರಿ, ಖಾಲಿ ಹಾಳೆಗೆ ಸಹಿ ಬೇಡ. ಖರಾಬು (ಸಾಗುವಳಿಗೆ ಬಾರದ ನೆಲ) ತೋರಿಸಿದ್ದರೆ ‘ಅ’ ಖರಾಬೋ ‘ಬ’ ಖರಾಬೋ ನೋಡಿ. ದಾರಿ, ಹಳ್ಳದಂಥ ಸಾರ್ವಜನಿಕ ಬಳಕೆಯ ಜಾಗ ‘ಬ’. ಅದಕ್ಕೆ ಪರಿಹಾರ ಕೇಳಲಾಗದು. ಕಣ, ಬಂಡೆಯಿರುವ ನಿಮ್ಮದೇ ನೆಲ ‘ಅ’, ಅದನ್ನು ಬಿಟ್ಟುಕೊಡಬೇಡಿ.

ದರಕ್ಕೆ ಮಾರ್ಗಸೂಚಿ ಮೌಲ್ಯ (ನೋಂದಣಿಗೆ ಸರ್ಕಾರ ಗೊತ್ತುಮಾಡಿದ ಬೆಲೆ) ಒಂದೇ ಆಧಾರವಲ್ಲ. ಹಿಂದಿನ ಮೂರು ವರ್ಷಗಳಲ್ಲಿ ಸುತ್ತಲಿನ ಅಂಥದೇ ಜಮೀನುಗಳ ಕ್ರಯಪತ್ರಗಳಲ್ಲಿ ಹೆಚ್ಚು ಬೆಲೆ ನಮೂದಾದ ಅರ್ಧದಷ್ಟು ಪತ್ರಗಳನ್ನು ತೆಗೆದುಕೊಂಡು ಸರಾಸರಿ ನೋಡಬೇಕು; ಎರಡರಲ್ಲಿ ಹೆಚ್ಚಿನದು ಅನ್ವಯ. ಉಪನೋಂದಣಿ ಕಚೇರಿಯಿಂದ ದೃಢೀಕೃತ ನಕಲು ತೆಗೆಸಿ ಬೇಡಿಕೆಯ ಜೊತೆ ಕೊಡಿ. ಉದಾಹರಣೆಗೆ, ಜಮೀನಿನ ಮೌಲ್ಯ 10 ಲಕ್ಷ, ಅದನ್ನು ಗುಣಿಸುವ ಗ್ರಾಮಾಂತರದ ಗುಣಕ 1.5 ಎಂದಿಟ್ಟುಕೊಂಡರೆ 15 ಲಕ್ಷ, ಮರ, ಕೊಳವೆಬಾವಿಗೆ 3 ಲಕ್ಷ, ಒಟ್ಟು 18. ಅಷ್ಟೇ ಮೊತ್ತದ ಸೊಲೇಷಿಯಂ (ಭೂಮಿ ಕಳೆದುಕೊಂಡವರಿಗೆ ಸಾಂತ್ವನವಾಗಿ ಕೊಡುವ ಹಣ) ಸೇರಿ 36 ಲಕ್ಷ. ಇದರ ಮೇಲೆ, ಮಾರುಕಟ್ಟೆ ಮೌಲ್ಯಕ್ಕೆ ವರ್ಷಕ್ಕೆ ಶೇ 12ರ ಹೆಚ್ಚುವರಿ ಮೊತ್ತ ಬೇರೆ. ಸೊಲೇಷಿಯಂ ಲೆಕ್ಕದಿಂದ ಮರಗಳ ಮೌಲ್ಯವನ್ನು ಕೈಬಿಟ್ಟಿದ್ದಾರೆಯೇ ಎಂದು ತಪ್ಪದೆ ಪರಿಶೀಲಿಸಿ.

ಪ್ರಶ್ನೆ: ರಾಷ್ಟ್ರೀಯ ಹೆದ್ದಾರಿಗೂ ಇದೇ ಕ್ರಮವೇ?

ಉತ್ತರ: ಅಲ್ಲ. ಅಲ್ಲಿ 1956ರ ಹೆದ್ದಾರಿ ಕಾಯ್ದೆ ನಡೆಯುತ್ತದೆ. ತಕರಾರಿಗೆ 21 ದಿನ ಮಾತ್ರ. ಆ ಕಾಯ್ದೆಯ 3ಡಿ ಕಲಮಿನ ಸ್ವಾಧೀನ ಅಧಿಸೂಚನೆ ಪ್ರಕಟವಾದೊಡನೆ ಭೂಮಿ ಕೇಂದ್ರ ಸರ್ಕಾರದ್ದಾಗುತ್ತದೆ. ಪರಿಹಾರದ ಲೆಕ್ಕ 2013ರ ಕಾಯ್ದೆಯಂತೆಯೇ ಇದ್ದರೂ, ಮೊತ್ತದ ವ್ಯಾಜ್ಯವನ್ನು ಕೇಂದ್ರ ಸರ್ಕಾರ ನೇಮಿಸಿದ ಮಧ್ಯಸ್ಥಗಾರರ ಮುಂದೆ ಹೂಡಬೇಕು.